ಏಳು ಊರು, ಒಂದು ಟೆಂಪೊ ಟ್ರಾವೆಲರ್: ರಾಕ್ ಬ್ಯಾಂಡಿನ ಮೊದಲ ಟೂರ್‌ಗೆ ಹೊರಡುವ ಮುನ್ನ

ಪ್ರಶ್ನೆ: ನಮ್ಮದು ಬೆಂಗಳೂರಿನ ಐದು ಜನರ ಕನ್ನಡ ರಾಕ್ ಬ್ಯಾಂಡ್. ಅಕೂಸ್ಟಿಕ್ ಗಿಟಾರ್ ಹಿಡಿದು ಹಾಡುವವರು ಒಬ್ಬರು, ಎಲೆಕ್ಟ್ರಿಕ್ ಗಿಟಾರ್ ಇಬ್ಬರು, ಬೇಸ್ ಒಬ್ಬರು, ಡ್ರಮ್ಸ್ ಒಬ್ಬರು. ಸೌಂಡ್ ನೋಡಿಕೊಳ್ಳಲು ಒಬ್ಬ ಗೆಳೆಯ ಜೊತೆಗಿರುತ್ತಾನೆ. ಜನವರಿಯಲ್ಲಿ ಮೈಸೂರು, ಮಂಗಳೂರು, ಪಣಜಿ, ಪುಣೆ, ಮುಂಬೈ, ಹೈದರಾಬಾದ್, ಕೊನೆಗೆ ಬೆಂಗಳೂರು, ಹೀಗೆ ಏಳು ದಿನದಲ್ಲಿ ಏಳು ಶೋ ಮಾಡಬೇಕೆಂದಿದ್ದೇವೆ. ರಾತ್ರಿ ಪ್ರಯಾಣ ಮಾಡಿದರೆ ಹೋಟೆಲ್ ಖರ್ಚು ಉಳಿಯುತ್ತದೆ ಎಂಬ ಲೆಕ್ಕ. ಗಾಡಿ, ಸಾಮಾನು, ಸ್ಟೇಜು, ಆರೋಗ್ಯ ಇವುಗಳಲ್ಲಿ ಯಾವುದಕ್ಕೆ ಏನು ತಯಾರಿ ಬೇಕು?

ಉತ್ತರ: ಮೊದಲು ಆ ಏಳು ದಿನದ ಲೆಕ್ಕವನ್ನು ಬಿಡಿ. ನೀವು ಹೇಳಿದ ಸುತ್ತು ಒಟ್ಟು ಸುಮಾರು 2,650 ಕಿಲೋಮೀಟರ್. ಬೆಂಗಳೂರಿನಿಂದ ಮೈಸೂರು 145, ಅಲ್ಲಿಂದ ಮಂಗಳೂರು 250, ಪಣಜಿ 370, ಪುಣೆ 450, ಮುಂಬೈ 150, ಹೈದರಾಬಾದ್ 710, ವಾಪಸು ಬೆಂಗಳೂರು 570. ನಕ್ಷೆಯಲ್ಲಿ ಕಾಣುವ ಗಂಟೆಗಳು ಕಾರಿನವು. ಸಾಮಾನು ತುಂಬಿದ ಟೆಂಪೊ ಟ್ರಾವೆಲರ್ ಊಟ, ಟೀ, ಡೀಸೆಲ್, ಟೋಲ್ ಎಲ್ಲ ಸೇರಿ ಹೆದ್ದಾರಿಯಲ್ಲಿ ಗಂಟೆಗೆ 50 ಕಿ.ಮೀ. ಸಾಗಿದರೆ ಪುಣ್ಯ, ಘಾಟಿಯಲ್ಲಿ 35. ಮುಂಬೈನಿಂದ ಹೈದರಾಬಾದಿಗೆ 14 ಗಂಟೆ ಎಂದು ಹಿಡಿಯಿರಿ. ರಾತ್ರಿ 10ಕ್ಕೆ ಶೋ ಮುಗಿಸಿ, 12ಕ್ಕೆ ಲೋಡ್ ಮಾಡಿ ಹೊರಟರೆ ಮರುದಿನ ಮಧ್ಯಾಹ್ನ 2ಕ್ಕೆ ತಲುಪುತ್ತೀರಿ, ಒಬ್ಬರೂ ಸರಿಯಾಗಿ ನಿದ್ದೆ ಮಾಡಿರುವುದಿಲ್ಲ.

ಶೋ ಮುಗಿದ ರಾತ್ರಿ ಗಾಡಿ ಹೊರಡಬಾರದು. ಈ ಒಂದು ನಿಯಮದಲ್ಲಿ ರಿಯಾಯಿತಿಯೇ ಬೇಡ. ಬೆಳಗಿನ ಜಾವ 2ರಿಂದ 5ರ ನಡುವೆ ಮನುಷ್ಯನ ಮೈ ತಾನಾಗಿಯೇ ನಿದ್ದೆಗೆ ಎಳೆಯುತ್ತದೆ. ಎಷ್ಟು ಅನುಭವಿ ಡ್ರೈವರ್ ಆದರೂ ಇದು ತಪ್ಪಿದ್ದಲ್ಲ, ಸ್ಟ್ರಾಂಗ್ ಕಾಫಿ ಅದನ್ನು ಮುಂದೂಡುತ್ತದೆ ಅಷ್ಟೆ. ಹೋಟೆಲಿನ ಮೂರು ರೂಮಿನ ಬಾಡಿಗೆ ಉಳಿಸಲು ಎಲ್ಲರ ಜೀವವನ್ನು ಪಣಕ್ಕಿಡುವ ವ್ಯವಹಾರ ಇದು. ಶೋ ಇರುವ ದಿನ 370 ಕಿ.ಮೀ.ಗಿಂತ ಹೆಚ್ಚು ಓಡಬಾರದು, ಡ್ರೈವರ್ ದಿನಕ್ಕೆ 8 ಗಂಟೆಗಿಂತ ಹೆಚ್ಚು ಸ್ಟೀರಿಂಗ್ ಹಿಡಿಯಬಾರದು ಎಂದಿಟ್ಟುಕೊಂಡು ದಿನಗಳನ್ನು ಜೋಡಿಸಿ.

ಹಾಗೆ ಜೋಡಿಸಿದರೆ 11 ದಿನ ಆಗುತ್ತದೆ. ಗುರುವಾರ ಮೈಸೂರು. ಶುಕ್ರವಾರ ಬೆಳಿಗ್ಗೆ 7ಕ್ಕೆ ಹೊರಟು ಹುಣಸೂರು, ಕುಶಾಲನಗರ, ಮಡಿಕೇರಿ, ಸಂಪಾಜೆ, ಸುಳ್ಯ, ಪುತ್ತೂರಿನ ಮೇಲೆ ಮಧ್ಯಾಹ್ನ 2ರ ಹೊತ್ತಿಗೆ ಮಂಗಳೂರು. ಶನಿವಾರ ಬೆಳಿಗ್ಗೆ 6ಕ್ಕೆ ಹೊರಟು ಹೆದ್ದಾರಿ 66ರಲ್ಲಿ ಉಡುಪಿ, ಕುಮಟಾ, ಕಾರವಾರ ದಾಟಿ ಪಣಜಿ. ಇದು ನಿಮ್ಮ ಮಿತಿಯ ಕೊನೆಯ ಅಂಚು, ಹಾಗಾಗಿ ಶೋಗೆ ಮುಂಚಿನ ಧ್ವನಿ ಪರೀಕ್ಷೆ, ಅಂದರೆ ಅಲ್ಲಿನ ಸೌಂಡ್‌ಚೆಕ್ ಸಂಜೆ 4:30ಕ್ಕೆ ಎಂದು ಮೊದಲೇ ತಿಳಿಸಿಡಿ. ಭಾನುವಾರ ಶೋ ಬೇಡ. ತಡವಾಗಿ ಎದ್ದು ಚೋರ್ಲಾ ಘಾಟಿನಲ್ಲಿ 125 ಕಿ.ಮೀ. ಹತ್ತಿ ಬೆಳಗಾವಿಯಲ್ಲಿ ಉಳಿಯಿರಿ. ಸೋಮವಾರ ಪುಣೆಗೆ 340 ಕಿ.ಮೀ.; ಆ ಸಂಜೆ ಬಟ್ಟೆ ಒಗೆಯಲು, ತಂತಿ ಬದಲಿಸಲು. ಮಂಗಳವಾರ ಪುಣೆ, ಬುಧವಾರ ಮುಂಬೈ. ಗುರುವಾರ ಮುಂಬೈನಿಂದ ಸೊಲ್ಲಾಪುರಕ್ಕೆ 400 ಕಿ.ಮೀ., ಅಲ್ಲೇ ರಾತ್ರಿ. ಶುಕ್ರವಾರ ಬೆಳಿಗ್ಗೆ ಉಳಿದ 310 ಓಡಿ ಹೈದರಾಬಾದ್ ಶೋ. ಶನಿವಾರ ಕರ್ನೂಲು, ಅನಂತಪುರದ ಮೇಲೆ ಬೆಂಗಳೂರು. ಈ 570 ಕಿ.ಮೀ. ಎಂಟು ಗಂಟೆಯ ಮಿತಿಯನ್ನು ಮೀರುತ್ತದೆ. ಹೆದ್ದಾರಿ 44 ಚೆನ್ನಾಗಿದೆ, ಶೋ ಇಲ್ಲ, ಬೆಳಕಿರುವಾಗಲೇ ಬಹುಪಾಲು ಮುಗಿಯುತ್ತದೆ, ಆದರೂ ನಡುವೆ ಒಂದು ಗಂಟೆ ಡ್ರೈವರ್ ಮಲಗಲಿ. ಭಾನುವಾರ ಬೆಂಗಳೂರಿನ ಶೋ. ವಾರದ ನಡುವಿನ ದಿನಗಳಲ್ಲಿ ಜನ ಕಡಿಮೆ ಎಂಬ ಚಿಂತೆ ಸಹಜ. ಆದರೆ ಪುಣೆ, ಮುಂಬೈನ ಲೈವ್ ಜಾಗಗಳಲ್ಲಿ ಹೊಸ ಬ್ಯಾಂಡಿಗೆ ದಿನ ಸುಲಭವಾಗಿ ಸಿಗುವುದು ವಾರದ ನಡುವೆಯೇ.

ಗಾಡಿ, ಡ್ರೈವರ್, ಲೋಡಿಂಗ್

ನಿಮ್ಮ ಆರು ಜನಕ್ಕೆ ಏಳನೆಯವರೊಬ್ಬರನ್ನು ಸೇರಿಸಿಕೊಳ್ಳಿ. ವಾದ್ಯ ನುಡಿಸದ, ಸೌಂಡ್ ನೋಡದ, ಫೋನು, ದುಡ್ಡು, ಸಮಯ, ಡ್ರೈವರ್ ಇಷ್ಟನ್ನೇ ನೋಡುವ ವ್ಯಕ್ತಿ. ಬ್ಯಾಂಡಿನೊಳಗಿನವರೇ ಇದನ್ನು ಮಾಡಿದರೆ ಸೌಂಡ್‌ಚೆಕ್ ನಡೆಯುವಾಗಲೇ ಅವರಿಗೆ ಹೋಟೆಲಿನ ಫೋನು ಬರುತ್ತದೆ, ಎರಡೂ ಕೆಡುತ್ತವೆ.

ಏಳು ಜನ, ಡ್ರೈವರ್, ಸಾಮಾನು ಇವಕ್ಕೆ 12 ಸೀಟಿನ ಗಾಡಿ ಸಾಕು. ಹಿಂಬದಿಯ ಡಿಕ್ಕಿ ಎಷ್ಟು ಆಳವಿದೆ ಎಂದು ಟೇಪ್ ಹಿಡಿದು ಅಳೆದೇ ಬುಕ್ ಮಾಡಿ. ಮೇಲಿನ ಕ್ಯಾರಿಯರ್ ಮೇಲೆ ಬಟ್ಟೆಯ ಬ್ಯಾಗ್ ಹಾಕಿ, ವಾದ್ಯ ಬೇಡ. ಬಾಡಿಗೆ ಮಾತಾಡುವಾಗ ಕಿಲೋಮೀಟರ್ ದರವೊಂದನ್ನೇ ಕೇಳಬೇಡಿ. ದಿನಕ್ಕೆ ಕನಿಷ್ಠ ಎಷ್ಟು ಕಿ.ಮೀ. ಲೆಕ್ಕ, ಡ್ರೈವರ್ ಬಾಟಾ ಎಷ್ಟು, ರಾತ್ರಿ ಬಾಟಾ ಬೇರೆಯೇ, ಟೋಲ್ ಮತ್ತು ಪಾರ್ಕಿಂಗ್ ಯಾರದ್ದು, ಗೋವಾ, ಮಹಾರಾಷ್ಟ್ರ, ತೆಲಂಗಾಣ, ಆಂಧ್ರ ನಾಲ್ಕಕ್ಕೂ ಸಲ್ಲುವ ಆಲ್ ಇಂಡಿಯಾ ಟೂರಿಸ್ಟ್ ಪರ್ಮಿಟ್ ಇದೆಯೇ, ಇವೆಲ್ಲ ಬರಹದಲ್ಲಿ ಇರಬೇಕು. ಕನಿಷ್ಠ 250 ಅಥವಾ 300 ಕಿ.ಮೀ. ಎಂಬ ಷರತ್ತು ಸಾಮಾನ್ಯ. ಆಗ ನಿಮ್ಮ ರಜೆಯ ದಿನಗಳಿಗೂ ಅಷ್ಟು ಕಿಲೋಮೀಟರ್ ಬಿಲ್ ಬೀಳುತ್ತದೆ. 11 ದಿನಕ್ಕೆ 300ರಂತೆ 3,300 ಕಿ.ಮೀ.; ನೀವು ಓಡುವುದು ಅದಕ್ಕಿಂತ ಕಡಿಮೆ. ಹಾಗಾಗಿ ದಿನದ ಲೆಕ್ಕ ಬಿಟ್ಟು ಒಟ್ಟು ಟ್ರಿಪ್ಪಿನ ಸರಾಸರಿ ಮೇಲೆ ಲೆಕ್ಕ ಹಾಕುವಂತೆ ಒಪ್ಪಿಸಿ.

ಡ್ರೈವರಿಗೆ ಹಾಸಿಗೆ ಇರುವ ರೂಮು ಕೊಡಿ. ಗಾಡಿಯಲ್ಲೇ ಮಲಗುತ್ತೇನೆ ಎಂದು ಅವರೇ ಹೇಳಿದರೂ ಒಪ್ಪಬೇಡಿ. ಲೋಡಿಂಗಿಗೆ ಅವರ ಕೈ ಕೇಳಬೇಡಿ. ನಿಮ್ಮನ್ನು ಇಳಿಸಿದ ಮೇಲೆ ಊಟ ಮಾಡಿ ಅವರು ಮಲಗಬೇಕು. ನಿಮ್ಮ ಟೂರಿನ ಅತಿ ಮುಖ್ಯ ಕೆಲಸಗಾರ ಅವರೇ.

ತುಂಬುವ ಕ್ರಮವನ್ನು ಮನೆಯಲ್ಲೇ ಒಮ್ಮೆ ಮಾಡಿ ನೋಡಿ, ಫೋಟೊ ತೆಗೆದಿಟ್ಟುಕೊಳ್ಳಿ, ಪ್ರತಿ ರಾತ್ರಿ ಅದೇ ಕ್ರಮದಲ್ಲಿ ತುಂಬಿ. ಡ್ರಮ್ ಸ್ಟ್ಯಾಂಡುಗಳ ಪೆಟ್ಟಿಗೆ ಎಲ್ಲಕ್ಕಿಂತ ಭಾರ. ಅದು ನೆಲಕ್ಕೆ, ಸೀಟಿನ ಬೆನ್ನಿಗೆ ಒತ್ತಿಕೊಂಡಿರಲಿ. ಗಾಲಿ ಇರುವ ಪೆಟ್ಟಿಗೆಯನ್ನು ಗಾಲಿಯ ಮೇಲೆ ನಿಲ್ಲಿಸಬೇಡಿ, ಮಗ್ಗುಲಿಗೆ ಮಲಗಿಸಿ. ಗಿಟಾರ್ ಕೇಸುಗಳು ಪುಸ್ತಕದ ಹಾಗೆ ಅಂಚಿನ ಮೇಲೆ ನಿಲ್ಲಬೇಕು; ಅಂಗಾತ ಮಲಗಿಸಿದರೆ ಯಾರೋ ಒಬ್ಬರು ಅದರ ಮೇಲೆ ಬ್ಯಾಗ್ ಇಟ್ಟೇ ಇಡುತ್ತಾರೆ. ಎಲ್ಲದರ ಮೇಲೆ ಎರಡು ರ‍್ಯಾಚೆಟ್ ಬೆಲ್ಟ್ ಬಿಗಿಯಿರಿ. ಕಟ್ಟದೆ ಬಿಟ್ಟ 25 ಕಿಲೋ ಪೆಟ್ಟಿಗೆ ಒಂದು ಗಟ್ಟಿ ಬ್ರೇಕಿಗೆ ಹಿಂದಿನ ಸೀಟಿನವರ ಕುತ್ತಿಗೆಗೆ ಬರುತ್ತದೆ.

ಪ್ರತಿ ಪೆಟ್ಟಿಗೆ, ಬ್ಯಾಗಿನ ಮೇಲೆ ದಪ್ಪಕ್ಷರದಲ್ಲಿ ನಂಬರ್ ಬರೆಯಿರಿ. 14 ಇದ್ದರೆ 14 ಎಣಿಸಿದ ಮೇಲೆಯೇ ಬಾಗಿಲು ಹಾಕಬೇಕು. ಎಣಿಸುವವರು ಎತ್ತುವವರಾಗಿರಬಾರದು, ಎತ್ತುವವರಿಗೆ ತಾವು ಎತ್ತಿದ್ದಷ್ಟೇ ನೆನಪಿರುತ್ತದೆ. ಆಮೇಲೆ ಒಬ್ಬರು ಟಾರ್ಚ್ ಹಿಡಿದು ಸ್ಟೇಜಿನ ಹಿಂಭಾಗ, ಗ್ರೀನ್ ರೂಮು, ಬಾತ್‌ರೂಮಿನ ಗೂಟ, ಸೌಂಡ್ ಡೆಸ್ಕಿನ ಕೆಳಗೆ ನೋಡಿ ಬರಬೇಕು. ಹೆಚ್ಚಾಗಿ ಉಳಿದುಹೋಗುವುದು ಚಾರ್ಜರ್, ಗಿಟಾರಿನ ಸದ್ದು ಬದಲಿಸುವ ಪೆಡಲುಗಳನ್ನು ಜೋಡಿಸಿದ ಪೆಡಲ್‌ಬೋರ್ಡಿನ ಅಡಾಪ್ಟರ್, ಡ್ರಮ್ ಬಿಗಿಯುವ ಡ್ರಮ್ ಕೀ ಮತ್ತು ನಿಮ್ಮದೇ ಎಕ್ಸ್‌ಟೆನ್ಷನ್ ಬೋರ್ಡು. ರಾತ್ರಿ ಗಿಟಾರು, ಪೆಡಲು, ಲ್ಯಾಪ್‌ಟಾಪ್ ರೂಮಿಗೆ ಹೋಗಲಿ. ಗಾಡಿಯ ಹಿಂಬಾಗಿಲು ಗೋಡೆಗೆ ತಾಗುವ ಹಾಗೆ ಪಾರ್ಕ್ ಮಾಡಿಸಿ. ವಾದ್ಯಗಳ ಪಟ್ಟಿ, ಸೀರಿಯಲ್ ನಂಬರ್, ಫೋಟೊ ಒಂದು ಹಾಳೆಯಲ್ಲಿ ಇದ್ದರೆ ಗಡಿ ತಪಾಸಣೆಯಲ್ಲೂ ಕೆಲಸಕ್ಕೆ ಬರುತ್ತದೆ, ಕಳುವಾದರೆ ದೂರು ಕೊಡಲೂ ಬೇಕಾಗುತ್ತದೆ. ಗೋವಾದಿಂದ ಹೊರಡುವಾಗ ಗಾಡಿಯಲ್ಲಿ ಮದ್ಯದ ಬಾಟಲಿ ಇರಬಾರದು. ಗಡಿಯಲ್ಲಿ ಅಬಕಾರಿಯವರು ಬ್ಯಾಗ್ ಬಿಚ್ಚಿಸುತ್ತಾರೆ, ಸಿಕ್ಕರೆ ಗಾಡಿಯೇ ನಿಲ್ಲುತ್ತದೆ.

ಬಿಸಿಲಿನಲ್ಲಿ ನಿಂತ, ಕಿಟಕಿ ಮುಚ್ಚಿದ ಗಾಡಿಯೊಳಗೆ ಶಾಖ 60 ಡಿಗ್ರಿ ಮುಟ್ಟಬಲ್ಲದು. ಅಕೂಸ್ಟಿಕ್ ಗಿಟಾರಿನ ಬ್ರಿಡ್ಜ್ (ತಂತಿಗಳ ಬುಡ ಕಟ್ಟುವ ಮರದ ತುಂಡು) ಹಿಡಿದಿರುವ ಅಂಟು ಆ ಶಾಖಕ್ಕೆ ಮೆದುವಾಗುತ್ತದೆ, ತಂತಿಯ ಎಳೆತಕ್ಕೆ ಬ್ರಿಡ್ಜ್ ಮೇಲೇಳುತ್ತದೆ. ಕರಾವಳಿಯಲ್ಲಿ ಇನ್ನೊಂದು ತೊಂದರೆ. ಎಸಿ ಗಾಡಿಯಿಂದ ಮಂಗಳೂರಿನ ಸೆಕೆಗೆ ಇಳಿಸಿದ ಕೂಡಲೇ ಕೇಸ್ ತೆಗೆದರೆ ತಣ್ಣಗಿನ ತಂತಿ, ಅದರ ಸದ್ದು ಹಿಡಿಯುವ ಪಿಕಪ್, ಪೆಡಲಿನ ಮೇಲೆ ಹನಿ ಕಟ್ಟುತ್ತದೆ. ಅರ್ಧ ಗಂಟೆ ಕೇಸ್ ಮುಚ್ಚಿಯೇ ಇಡಿ. ತೇವಕ್ಕೆ ಮರ ಉಬ್ಬಿ ತಂತಿ ಎತ್ತರವಾದಂತೆ ಅನಿಸಿದರೆ ಗಿಟಾರಿನ ಕತ್ತಿನೊಳಗಿನ ಟ್ರಸ್ ರಾಡ್ ತಿರುಗಿಸಲು ಹೋಗಬೇಡಿ. ಎರಡು ದಿನ ಬಿಟ್ಟು ಪುಣೆಯ ಒಣ ಹವೆಯಲ್ಲಿ ಅದು ತಾನೇ ಇಳಿಯುತ್ತದೆ.

ಏನು ಒಯ್ಯಬೇಕು

2008ರ ಫೆಬ್ರವರಿ 1ರಂದು ಬ್ರಿಟನ್ನಿನ ಐರನ್ ಮೇಡನ್ ಬ್ಯಾಂಡ್ ತನ್ನ ವಿಶ್ವ ಪ್ರವಾಸವನ್ನು ಮುಂಬೈಯಲ್ಲಿ ಶುರು ಮಾಡಿದಾಗ ಬ್ಯಾಂಡು, ಸಿಬ್ಬಂದಿ, ಸಾಮಾನು ಎಲ್ಲ ಒಂದೇ ಬೋಯಿಂಗ್ 757ರಲ್ಲಿ ಬಂದಿದ್ದವು, ಅದರ ಪೈಲಟ್ ಹಾಡುಗಾರ ಬ್ರೂಸ್ ಡಿಕಿನ್ಸನ್. ತಮ್ಮದೇ ಸದ್ದನ್ನು ಊರೂರಿಗೆ ಹೊತ್ತೊಯ್ಯುವ ದಾರಿ ಅದು. ಟೆಂಪೊ ಟ್ರಾವೆಲರ್ ಬ್ಯಾಂಡಿಗೆ ಬೇರೆ ದಾರಿ ಬೇಕು: ಭಾರವಾದದ್ದನ್ನು ಅಲ್ಲಲ್ಲೇ ಪಡೆಯುವುದು, ಸದ್ದನ್ನು ನಿರ್ಧರಿಸುವ ಚಿಕ್ಕ ವಸ್ತುಗಳನ್ನು ಕೈಯಲ್ಲಿ ಒಯ್ಯುವುದು.

ಡ್ರಮ್ ಸೆಟ್ಟು ಜಾಗದವರದ್ದೇ ಇರಲಿ. ನಿಮ್ಮ ಡ್ರಮ್ಮರ್ ಸ್ನೇರ್, ಸಿಂಬಲ್‌ಗಳು, ಕಿಕ್ ಪೆಡಲ್, ಕಡ್ಡಿ ಎಂಟು ಜೊತೆ, ಡ್ರಮ್ ಕೀ ಎರಡು, 14 ಇಂಚಿನ ಸ್ನೇರ್ ಹೆಡ್ (ಡ್ರಮ್ಮಿನ ಮೇಲ್ಹೊದಿಕೆ) ಒಂದು ತರಲಿ. ಇವುಗಳ ಜೊತೆಗೆ ಮೇಲಿನ ಸಿಂಬಲ್ ಹಿಡಿದಿಡುವ ಹೈಹ್ಯಾಟ್ ಕ್ಲಚ್, ಸಿಂಬಲ್ ಫೆಲ್ಟು ಮತ್ತು ವಿಂಗ್‌ನಟ್ಟು ಮರೆಯಬಾರದು. ಪಬ್ಬುಗಳ ಸೆಟ್ಟಿನಲ್ಲಿ ಮೊದಲು ಮಾಯವಾಗುವುದು ಇವೇ, ಕ್ಲಚ್ ಇಲ್ಲದ ಹೈಹ್ಯಾಟ್ ಮೇಲಕ್ಕೇ ಏಳುವುದಿಲ್ಲ.

ಗಿಟಾರ್ ಆಂಪ್ಲಿಫೈಯರ್ ವಿಷಯದಲ್ಲಿ ನನ್ನ ಸ್ಪಷ್ಟ ಸಲಹೆ: ಮೊದಲ ಟೂರ್‌ಗೆ ಆಂಪಿನ ಸದ್ದನ್ನು ಅನುಕರಿಸುವ ಮಾಡೆಲರ್ ಪೆಡಲ್ ಬಳಸಿ, ನೇರವಾಗಿ ಮಿಕ್ಸರಿಗೆ ಕೊಡಿ. ಊರೂರಿನ ಆಂಪ್ ಯಾವ ಸ್ಥಿತಿಯಲ್ಲಿದೆಯೋ ಹೇಳಲಾಗದು. ಒಂದು ಎಚ್ಚರ ಬೇಕು. ಮಾಡೆಲರಿನಲ್ಲಿ ಸ್ಪೀಕರ್ ಪೆಟ್ಟಿಗೆಯ ಸದ್ದನ್ನು ಅನುಕರಿಸುವ ಕ್ಯಾಬ್ ಸಿಮ್ಯುಲೇಶನ್ ಇರುತ್ತದೆ. ಮಿಕ್ಸರಿಗೆ ಹೋಗುವಾಗ ಅದು ಆನ್ ಇರಬೇಕು. ಆಫ್ ಆದರೆ ಡಿಸ್ಟಾರ್ಶನ್ ಜೇನುನೊಣದ ಹಿಂಡಿನ ಹಾಗೆ ಝೇಂಕರಿಸುತ್ತದೆ. ಅಲ್ಲಿರುವ ಆಂಪಿಗೇ ಹಾಕಬೇಕಾಗಿ ಬಂದರೆ ಆಫ್ ಮಾಡಬೇಕು. ಇಲ್ಲದಿದ್ದರೆ ಸದ್ದು ಉಸಿರುಗಟ್ಟಿದಂತೆ ಮಂಕಾಗುತ್ತದೆ. ಎರಡಕ್ಕೂ ಬೇರೆಬೇರೆ ಪ್ರಿಸೆಟ್ ಬ್ಯಾಂಕ್ (ಉಳಿಸಿಟ್ಟ ಸೆಟ್ಟಿಂಗುಗಳ ಗುಂಪು) ಮಾಡಿಟ್ಟುಕೊಂಡರೆ ಸ್ಟೇಜಿನ ಮೇಲೆ ಬಗ್ಗಿ ಮೆನು ಹುಡುಕುವುದು ತಪ್ಪುತ್ತದೆ.

ತಂತಿ ಎರಡು ಶೋಗೊಮ್ಮೆ ಬದಲಿಸಿ, ಕರಾವಳಿಯ ಎರಡು ಶೋ ಆದ ಮೇಲೆ ತಪ್ಪದೆ. ಒಂದೊಂದು ಗಿಟಾರಿಗೆ ನಾಲ್ಕು ಸೆಟ್, ಜೊತೆಗೆ ಬಿಡಿಯಾಗಿ 0.010 ಮತ್ತು 0.017 ಇಂಚು ದಪ್ಪದ ತಂತಿ ಮೂರು ಮೂರು. ಬೇಸ್‌ಗೆ ಒಂದು ಸೆಟ್ಟು ಸಾಕು. ಆರು ಮೀಟರಿಗಿಂತ ಉದ್ದದ ಗಿಟಾರ್ ಕೇಬಲ್ ಬೇಡ, ಉದ್ದ ಹೆಚ್ಚಿದಷ್ಟೂ ಮೇಲಿನ ಸ್ವರಗಳ ಹೊಳಪು ಕಡಿಮೆಯಾಗುತ್ತದೆ. ಪೆಡಲ್‌ಗಳಿಗೆ ಒಂದೇ ಅಡಾಪ್ಟರಿನಿಂದ ಸರಪಳಿ ಹಾಕಿದರೆ ಡಿಜಿಟಲ್ ಪೆಡಲಿನ ಕಿರಿಕಿರಿ ಎಲ್ಲದರಲ್ಲೂ ಕೇಳುತ್ತದೆ. ಪ್ರತಿಯೊಂದಕ್ಕೂ ಪ್ರತ್ಯೇಕ ಔಟ್‌ಪುಟ್ ಇರುವ ಪವರ್ ಸಪ್ಲೈ ತೆಗೆದುಕೊಳ್ಳಿ. ಹಾಡುಗಾರರ ಮೈಕ್ ನಿಮ್ಮದೇ ಇರಲಿ. ಶೂರ್ ಎಸ್ಎಂ58ರಂಥ ಸಾದಾ ಮೈಕೇ ಸಾಕು. ಸದ್ದು ಪ್ರತಿ ಊರಿನಲ್ಲಿ ಒಂದೇ ಇರುತ್ತದೆ, ಬೇರೆಯವರ ಎಂಜಲೂ ತಪ್ಪುತ್ತದೆ. ಗಿಟಾರಿನ ಸಿಗ್ನಲನ್ನು ಮಿಕ್ಸರಿಗೆ ತಕ್ಕಂತೆ ಮಾಡಿ ಕೊಡುವ ಡಿಐ ಬಾಕ್ಸ್ ಎರಡು, ಮೂರು ಹೆಚ್ಚುವರಿ ಕೇಬಲ್, 9 ವೋಲ್ಟ್ ಬ್ಯಾಟರಿ ಆರು, 25 ವಾಟ್ ಸಾಲ್ಡರಿಂಗ್ ಐರನ್, ಬೆಸುಗೆಯ ಸೀಸ, ಎರಡು ಜ್ಯಾಕ್, ಗ್ಯಾಫರ್ ಟೇಪ್. ಸಾದಾ ಪ್ಯಾಕಿಂಗ್ ಟೇಪು ಬೇಡ, ಅದರ ಅಂಟು ಕೇಬಲಿಗೆ ಮೆತ್ತಿಕೊಂಡು ಮರುದಿನ ಧೂಳೆಲ್ಲ ಅದಕ್ಕೇ ಹಿಡಿಯುತ್ತದೆ.

ಸ್ಟೇಜಿನ ಕರೆಂಟು

ಟೂರ್‌ನಲ್ಲಿ ವಾದ್ಯ ಸುಡುವುದು, ಕೆಲವೊಮ್ಮೆ ಜೀವಕ್ಕೇ ಸಂಚಕಾರ ಬರುವುದು ಇಲ್ಲಿ. ಆದ್ದರಿಂದ ಸ್ವಲ್ಪ ವಿವರವಾಗಿ ಬರೆಯುತ್ತೇನೆ.

ನಿಮ್ಮ ಸೌಂಡ್ ಗೆಳೆಯನ ಬ್ಯಾಗಿನಲ್ಲಿ ಡಿಜಿಟಲ್ ಮಲ್ಟಿಮೀಟರ್ ಇರಬೇಕು. ಅದನ್ನು ಬಳಸಿ ಅಭ್ಯಾಸವಿಲ್ಲದಿದ್ದರೆ ಆ ಜಾಗದ ಎಲೆಕ್ಟ್ರಿಷಿಯನ್ನಿಂದಲೇ ನಿಮ್ಮ ಎದುರಿಗೆ ಅಳೆಸಿ. ಯಾವ ಪ್ಲಗ್ಗನ್ನೂ ಹಾಕುವ ಮೊದಲು, ಎಸಿ 600 ಅಥವಾ 750 ವೋಲ್ಟಿನ ಅಳತೆಗೆ ಇಟ್ಟು ನಿಮಗೆ ಕೊಟ್ಟ ಸಾಕೆಟ್ಟಿನಲ್ಲಿ ಮೂರು ಅಳತೆ ತೆಗೆಯಬೇಕು. ಫೇಸ್ (ಕರೆಂಟ್ ತರುವ ವೈರು) ಮತ್ತು ನ್ಯೂಟ್ರಲ್ (ಅದು ಮರಳುವ ವೈರು) ನಡುವೆ 210ರಿಂದ 250ರೊಳಗೆ ಬರಬೇಕು. ಫೇಸ್ ಮತ್ತು ಅರ್ತ್ ನಡುವೆ ಹೆಚ್ಚುಕಡಿಮೆ ಅಷ್ಟೇ. ನ್ಯೂಟ್ರಲ್ ಮತ್ತು ಅರ್ತ್ ನಡುವೆ ಮೂರು ವೋಲ್ಟಿಗಿಂತ ಕಡಿಮೆ.

ಮೂರನೆಯದು ಹತ್ತಾರು ವೋಲ್ಟ್ ತೋರಿಸಿದರೆ ಆ ಅರ್ತ್ ಎಲ್ಲಿಗೂ ಸೇರಿಲ್ಲ, ಸಾಕೆಟ್ಟಿನಲ್ಲಿ ಬರಿಯ ತೂತು ಅಷ್ಟೆ. ಲೈಟು, ಸ್ಪೀಕರ್ ಎಲ್ಲ ಓಡುತ್ತಿರುವಾಗಲೂ ಅದು ಅಪ್ಪಟ ಸೊನ್ನೆ ತೋರಿಸಿದರೆ ಯಾರೋ ಸಾಕೆಟ್ಟಿನೊಳಗೇ ನ್ಯೂಟ್ರಲ್ಲನ್ನು ಅರ್ತ್ ಪಿನ್ನಿಗೆ ಕೊಂಡಿ ಹಾಕಿರುವ ಸಂಶಯ ಪಡಬೇಕು. ಇದು ಇನ್ನೂ ಅಪಾಯ: ಮುಂದೆ ಎಲ್ಲಾದರೂ ನ್ಯೂಟ್ರಲ್ ಬಿಟ್ಟುಹೋದರೆ ನಿಮ್ಮ ಆಂಪಿನ ಲೋಹದ ಮೈ, ಅದರ ಮೂಲಕ ಗಿಟಾರಿನ ತಂತಿ, ಎಲ್ಲಕ್ಕೂ ಕರೆಂಟ್ ಬರುತ್ತದೆ.

ಎಲ್ಲಕ್ಕಿಂತ ಹೆಚ್ಚು ಗೇರ್ ಸುಡುವುದು ನ್ಯೂಟ್ರಲ್ ಸಡಿಲವಾಗಿ. ದೊಡ್ಡ ಸ್ಟೇಜಿಗೆ ಮೂರು ಫೇಸ್ ಬರುತ್ತದೆ, ಎರಡು ಫೇಸ್‌ಗಳ ನಡುವೆ ಸುಮಾರು 400 ವೋಲ್ಟ್ ಇರುತ್ತದೆ. ನ್ಯೂಟ್ರಲ್ ಗಟ್ಟಿ ಇರುವವರೆಗೆ ಪ್ರತಿ ಫೇಸೂ ತನ್ನ ಪಾಡಿಗೆ 230 ಕೊಡುತ್ತದೆ. ಕರೆಂಟು ಹಂಚುವ ಡಿಬಿ ಬಾಕ್ಸಿನಲ್ಲೋ ಜನರೇಟರ್ ಕೊಂಡಿಯಲ್ಲೋ ಅದು ಬಿಟ್ಟರೆ, ಬೇರೆಬೇರೆ ಫೇಸ್ ಮೇಲಿನ ಲೋಡುಗಳು ಒಂದರ ಹಿಂದೊಂದು ಸೇರಿ ಆ 400 ವೋಲ್ಟನ್ನು ಹಂಚಿಕೊಳ್ಳುತ್ತವೆ. ಹೆಚ್ಚು ಲೋಡ್ ಇರುವ ಕಡೆ ವೋಲ್ಟೇಜ್ ಕುಸಿಯುತ್ತದೆ, ಕಡಿಮೆ ಲೋಡ್ ಇರುವ ಕಡೆ ಏರುತ್ತದೆ. ಸ್ಟೇಜಿನ ಲೈಟುಗಳು ಭಾರದ ಲೋಡು, ನಿಮ್ಮ ಪೆಡಲು, ಲ್ಯಾಪ್‌ಟಾಪು ಹಗುರ. ಹಾಗಾಗಿ 300 ದಾಟಿದ ವೋಲ್ಟೇಜ್ ಬಂದು ಬಡಿಯುವುದು ನಿಮ್ಮ ಸಾಮಾನಿಗೇ. ಒಂದು ಕಡೆ ಬಲ್ಬ್ ಮಂಕಾಗಿ ಇನ್ನೊಂದು ಕಡೆ ವಿಪರೀತ ಹೊಳೆದರೆ ಇದೇ ಲಕ್ಷಣ, ತಕ್ಷಣ ಪ್ಲಗ್ ಕೀಳಿ.

ಇದಕ್ಕೆ ನಿಮ್ಮದೇ ಬೋರ್ಡು ಒಯ್ಯಿರಿ. 16 ಆಂಪಿಯರ್ ಪ್ಲಗ್, ಮೂರು ಎಳೆಯ 2.5 ಚದರ ಮಿ.ಮೀ. ವೈರು ಹತ್ತು ಮೀಟರ್, ಕರೆಂಟು ಸೋರಿದರೆ ಕಡಿದುಬಿಡುವ 30 ಮಿಲಿಆಂಪಿಯರ್ ಆರ್‌ಸಿಸಿಬಿ, 180ಕ್ಕಿಂತ ಕೆಳಗೆ ಮತ್ತು 265ಕ್ಕಿಂತ ಮೇಲೆ ಹೋದರೆ ಕಡಿದುಬಿಡುವ ವೋಲ್ಟೇಜ್ ಪ್ರೊಟೆಕ್ಟರ್, ಆಮೇಲೆ ಆರು ಸಾಕೆಟ್. ಆರ್‌ಸಿಸಿಬಿ ಮನುಷ್ಯನನ್ನು ಕಾಯುತ್ತದೆ, ಪ್ರೊಟೆಕ್ಟರ್ ಗೇರನ್ನು. ಒಂದರ ಕೆಲಸ ಇನ್ನೊಂದು ಮಾಡುವುದಿಲ್ಲ, ಎರಡೂ ಬೇಕು. ನಿಮ್ಮ ವಾದ್ಯ, ಪೆಡಲು ಎಲ್ಲ ಸೇರಿದ ಇಡೀ ಬ್ಯಾಕ್‌ಲೈನ್ ಒಂದೂವರೆ ಕಿಲೋವಾಟ್ ದಾಟದು, ಅಂದರೆ ಆರೇಳು ಆಂಪಿಯರ್. ಒಂದೇ ಪಾಯಿಂಟು ಸಾಕು. ಅದನ್ನು ಸೌಂಡ್ ಸಿಸ್ಟಮ್ ಇರುವ ಡಿಬಿಯಿಂದ, ಅದೇ ಫೇಸಿನಿಂದ ಕೇಳಿ ಪಡೆಯಿರಿ. ಲೈಟಿನ ಫೇಸ್ ಬೇಡ. ಸೌಂಡ್ ಒಂದೆಡೆ, ಬ್ಯಾಂಡ್ ಇನ್ನೊಂದೆಡೆ ಆದರೆ ಎರಡು ಅರ್ತ್‌ಗಳ ನಡುವಿನ ವ್ಯತ್ಯಾಸ ಗುಂಯ್‌ಗುಡುವ ಹಮ್ ಆಗಿ ಕೇಳುತ್ತದೆ.

ಹಮ್ ಬಂದಾಗ ಅರ್ತ್ ಪಿನ್ ಕಿತ್ತುಹಾಕುವ ಚಾಳಿ ನಮ್ಮಲ್ಲಿ ಬಹಳ ಕಡೆ ಇದೆ. ಸದ್ದು ನಿಲ್ಲುವುದು ನಿಜ, ಆದರೆ ಗಿಟಾರ್ ಹಿಡಿದವರ ತುಟಿ ಮೈಕಿಗೆ ತಾಗಿದಾಗ ಸೋರಿದ ಕರೆಂಟಿಗೆ ಅವರ ಮೈಯೇ ದಾರಿಯಾಗುತ್ತದೆ. ಡಿಐ ಬಾಕ್ಸಿನ ಗ್ರೌಂಡ್ ಲಿಫ್ಟ್ ಗುಂಡಿ ಇರುವುದೇ ಇದಕ್ಕೆ. ಅದು ಸಿಗ್ನಲ್ ಕೇಬಲಿನ ಕೊಂಡಿಯನ್ನಷ್ಟೇ ಬಿಡಿಸುತ್ತದೆ, ಸುರಕ್ಷತೆಯ ಅರ್ತ್ ಹಾಗೇ ಇರುತ್ತದೆ. ಸೌಂಡ್‌ಚೆಕ್‌ನಲ್ಲಿ ಹಾಡುಗಾರರು ಮೈಕಿನ ಹತ್ತಿರ ಹೋಗುವ ಮುನ್ನ ಮೀಟರಿನ ಒಂದು ಕಡ್ಡಿಯನ್ನು ಮೈಕಿನ ಜಾಲರಿಗೆ, ಇನ್ನೊಂದನ್ನು ಗಿಟಾರ್ ತಂತಿಗೆ ತಾಗಿಸಿ. ಒಂದೆರಡು ವೋಲ್ಟಿಗಿಂತ ಹೆಚ್ಚು ಕಂಡರೆ ಕಾರಣ ಸಿಗುವವರೆಗೆ ಯಾರೂ ಮೈಕ್ ಮುಟ್ಟಬಾರದು. ಎರಡು ಪಿನ್ನಿನ ಲ್ಯಾಪ್‌ಟಾಪ್ ಚಾರ್ಜರ್ ಇದ್ದರೆ ಮೀಟರ್ 80, 100 ಎಂದು ತೋರಿಸಿ ಹೆದರಿಸುವುದುಂಟು. ಚಾರ್ಜರ್ ಕಿತ್ತಾಗ ಅದು ಇಳಿದರೆ ಸೋರಿಕೆ ಅದರದ್ದೇ. ಆಗ ಶೋ ಮುಗಿಯುವವರೆಗೆ ಲ್ಯಾಪ್‌ಟಾಪನ್ನು ಬ್ಯಾಟರಿಯಲ್ಲಿ ಓಡಿಸಿ.

ಡಿಜಿಟಲ್ ಮಿಕ್ಸರ್ ಯುಪಿಎಸ್ ಮೇಲೆ ಇದೆಯೇ ಕೇಳಿ. ಕರೆಂಟಿನಿಂದ ಜನರೇಟರಿಗೆ ಬದಲಾಗುವ ಹತ್ತು ಸೆಕೆಂಡಿನಲ್ಲಿ ಮಿಕ್ಸರ್ ಆರಿದರೆ ಮತ್ತೆ ಏಳಲು ಒಂದು ನಿಮಿಷದವರೆಗೂ ಬೇಕಾಗಬಹುದು. ಆ ನಿಮಿಷ ಸ್ಟೇಜಿನ ಮೇಲೆ ಬಲು ದೊಡ್ಡದು.

ಕಾಗದ ಮತ್ತು ಸಮಯ

ಹತ್ತು ದಿನ ಮೊದಲೇ ಪ್ರತಿ ಜಾಗಕ್ಕೆ ಬ್ಯಾಂಡಿಗೆ ಏನು ಬೇಕೆಂದು ತಿಳಿಸುವ ಎರಡು ಪುಟದ ರೈಡರ್ ಕಳಿಸಿ. ಒಂದರಲ್ಲಿ ಯಾರು ಎಲ್ಲಿ ನಿಲ್ಲುತ್ತಾರೆ, ಎಲ್ಲಿ ಮಾನಿಟರ್, ಎಲ್ಲಿ ಕರೆಂಟ್ ಪಾಯಿಂಟ್ ಎಂಬ ಚಿತ್ರ. ಇನ್ನೊಂದರಲ್ಲಿ ಇನ್‌ಪುಟ್ ಪಟ್ಟಿ: ಕಿಕ್, ಸ್ನೇರ್, ಹೈಹ್ಯಾಟ್, ಎರಡು ಟಾಮ್, ಎರಡು ಓವರ್‌ಹೆಡ್, ಬೇಸ್, ಎರಡು ಗಿಟಾರ್, ಅಕೂಸ್ಟಿಕ್, ಮುಖ್ಯ ಗಾಯನ, ಎರಡು ಹಿಮ್ಮೇಳ, ಲ್ಯಾಪ್‌ಟಾಪಿನಿಂದ ಬರುವ ಟ್ರ್ಯಾಕ್ ಎಡ-ಬಲ, ಒಟ್ಟು 16. ಕಳಿಸಿ ಸುಮ್ಮನಾಗಬೇಡಿ, ಮೂರು ದಿನ ಮುಂಚೆ ಆ ಜಾಗದ ಸೌಂಡ್ ಎಂಜಿನಿಯರ್ ಜೊತೆಗೇ ಮಾತಾಡಿ, ಬುಕಿಂಗ್ ಮಾಡಿದವರ ಜೊತೆಗಲ್ಲ. ಮಿಕ್ಸರ್ ಯಾವ ಮಾಡೆಲ್ ಎಂದು ಕೇಳಿ. ಬೆಹ್ರಿಂಗರ್ ಎಕ್ಸ್32ರಲ್ಲಿ ಉಳಿಸಿಟ್ಟ ಸೀನ್ (ಎಲ್ಲ ಸೆಟ್ಟಿಂಗು) ಯಮಹಾದಲ್ಲಿ ತೆರೆಯುವುದಿಲ್ಲ. ಅಂಥ ಕಡೆ ಸೊನ್ನೆಯಿಂದ ಶುರು ಮಾಡಲು 40 ನಿಮಿಷ ಹೆಚ್ಚು ಬೇಕು.

ಶಬ್ದಮಾಲಿನ್ಯದ 2000ನೇ ಇಸವಿಯ ನಿಯಮಗಳ ಪ್ರಕಾರ ರಾತ್ರಿ 10ರಿಂದ ಬೆಳಿಗ್ಗೆ 6ರವರೆಗೆ ಬಯಲಿನಲ್ಲಿ ಧ್ವನಿವರ್ಧಕ ನಿಷಿದ್ಧ. ಸಾಂಸ್ಕೃತಿಕ, ಧಾರ್ಮಿಕ ಹಬ್ಬಗಳಿಗೆ ವರ್ಷಕ್ಕೆ ಗರಿಷ್ಠ 15 ದಿನ ನಡುರಾತ್ರಿವರೆಗೆ ಸಡಿಲಿಸುವ ಅಧಿಕಾರ ರಾಜ್ಯ ಸರ್ಕಾರಕ್ಕಿದೆ, ಅದು ನಿಮ್ಮ ಶೋಗೆ ಸಿಗುತ್ತದೆಂದು ನೆಚ್ಚಬೇಡಿ. ಟೆರೇಸ್, ಹಿತ್ತಲ ಜಾಗಗಳಲ್ಲಿ 9:45ಕ್ಕೆ ಕೊನೆಯ ಹಾಡು ಮುಗಿಯುವಂತೆ ಸೆಟ್ ಕಟ್ಟಿ, ತಡವಾದರೆ ಯಾವ ಎರಡು ಹಾಡು ಬಿಡಬೇಕೆಂದು ಮೊದಲೇ ಗುರುತು ಹಾಕಿಡಿ. 8:15ರ ಶೋಗೆ ಸಾಮಾನು ಒಳತರುವ ಲೋಡ್-ಇನ್ 3ಕ್ಕೆ, ಒಂದೊಂದೇ ಕೇಬಲ್ ಪರೀಕ್ಷಿಸುವ ಲೈನ್ ಚೆಕ್ 4ಕ್ಕೆ, ಸೌಂಡ್‌ಚೆಕ್ 4:30ರಿಂದ 5:45. ನಡುವಿನ ಎರಡೂವರೆ ಗಂಟೆ ಊಟಕ್ಕೆ, ವಿಶ್ರಾಂತಿಗೆ.

ಹಣದ ಮಾತು ಚಿಕ್ಕದು. ಅರ್ಧ ಮುಂಗಡ, ಉಳಿದದ್ದು ಸ್ಟೇಜ್ ಹತ್ತುವ ಮುನ್ನ, ಎರಡೂ ಇಮೇಲಿನಲ್ಲಿ ಬರೆದಿರಲಿ. ಟಿಡಿಎಸ್ ಹಿಡಿದರೆ ಎಷ್ಟು, ಯಾರ ಪ್ಯಾನ್ ಮೇಲೆ ಎಂದು ಮೊದಲೇ ಕೇಳಿ. ಇಲ್ಲದಿದ್ದರೆ ಇಡೀ ಬ್ಯಾಂಡಿನ ಆದಾಯ ಒಬ್ಬರ ತಲೆಗೆ ಬರುತ್ತದೆ. ಡೀಸೆಲ್ ಬಾಡಿಗೆಯಲ್ಲಿ ಸೇರಿರದಿದ್ದರೆ ಅದಕ್ಕೆ ಲೀಟರಿಗೆ 10 ಕಿ.ಮೀ. ಲೆಕ್ಕದಲ್ಲಿ 265 ಲೀಟರ್, ಊರೊಳಗಿನ ಓಡಾಟಕ್ಕೆ ಇನ್ನೊಂದು 30. ನಿಮ್ಮದೇ ಹಾಡುಗಳನ್ನು, ರಾಯಧನ ಸಂಗ್ರಹಿಸಿ ಕೊಡುವ ಸಂಸ್ಥೆಯಾದ ಐಪಿಆರ್‌ಎಸ್‌ನಲ್ಲಿ ನೋಂದಾಯಿಸಿ, ಬೇರೆಯವರ ಹಾಡು ನುಡಿಸುವುದಾದರೆ ಆ ಜಾಗದವರ ಬಳಿ ಪರವಾನಗಿ ಇದೆಯೇ ವಿಚಾರಿಸಿ.

ಗಂಟಲು, ಕಿವಿ, ಹೊಟ್ಟೆ

ಹಾಡುಗಾರರ ಗಂಟಲು ಕೆಡುವುದು ಹಾಡಿನಿಂದಷ್ಟೇ ಅಲ್ಲ, ಗಾಡಿಯಲ್ಲಿ ಎಂಜಿನ್ ಸದ್ದಿನ ಮೇಲೆ ಏಳು ಗಂಟೆ ಮಾತಾಡುವುದರಿಂದ, ಶೋ ಆದ ಮೇಲೆ ಪಬ್ಬಿನ ಗದ್ದಲದಲ್ಲಿ ಅಭಿಮಾನಿಗಳ ಜೊತೆ ಕೂಗಿ ಮಾತಾಡುವುದರಿಂದ. ಪಿಸುಮಾತೂ ವಿಶ್ರಾಂತಿಯಲ್ಲ, ಅದರಿಂದಲೂ ಗಂಟಲಿಗೆ ಶ್ರಮವಾಗುತ್ತದೆ. ಸುಮ್ಮನಿರುವುದೇ ಮದ್ದು. ನಡುರಾತ್ರಿ ಖಾರದ ಊಟ ಮಾಡಿ ತಕ್ಷಣ ಮಲಗಿದರೆ ಹುಳಿ ಮೇಲೆ ಬಂದು ಬೆಳಿಗ್ಗೆ ದನಿ ಒಡೆದಿರುತ್ತದೆ. ಹಾಡುತ್ತಿರುವಾಗಲೇ ದನಿ ಥಟ್ಟನೆ ನಿಂತರೆ ಮುಂದಿನ ಶೋ ರದ್ದು ಮಾಡಿ ಇಎನ್‌ಟಿ ವೈದ್ಯರ ಬಳಿ ಹೋಗಿ. ನೋವಿನ ಮಾತ್ರೆ ನುಂಗಿ ಮುಂದುವರಿಸಬೇಡಿ: ಆಸ್ಪಿರಿನ್‌ನಂಥ ಮಾತ್ರೆ ಸ್ವರತಂತುವಿನಲ್ಲಿ ರಕ್ತಸ್ರಾವದ ಅಪಾಯ ಹೆಚ್ಚಿಸುತ್ತದೆ.

ಕಿವಿಗೆ 85 ಡೆಸಿಬೆಲ್ ಎಂಟು ಗಂಟೆ ಸಹ್ಯ. ಪ್ರತಿ ಮೂರು ಡೆಸಿಬೆಲ್ ಏರಿದಾಗಲೂ ಆ ಸಮಯ ಅರ್ಧವಾಗುತ್ತದೆ. 100 ಡೆಸಿಬೆಲ್‌ಗೆ ಉಳಿಯುವುದು 15 ನಿಮಿಷ. ಡ್ರಮ್ಮರಿನ ಪಕ್ಕ ಅದು ಸುಲಭವಾಗಿ ದಾಟುತ್ತದೆ, ನಿಮ್ಮ ಸೆಟ್ 75 ನಿಮಿಷದ್ದು. ಎಲ್ಲ ಸ್ವರವನ್ನೂ ಸಮನಾಗಿ ತಗ್ಗಿಸುವ ಸಂಗೀತಗಾರರ ಇಯರ್‌ಪ್ಲಗ್ ಆರು ಜನಕ್ಕೂ ಬೇಕು. ಹೋದ ಕಿವಿ ಯಾವ ಚಿಕಿತ್ಸೆಯಿಂದಲೂ ಮರಳಿ ಬರುವುದಿಲ್ಲ.

ಹೊಟ್ಟೆಯ ವಿಷಯದಲ್ಲಿ ದಾರಿಯಲ್ಲಿ ಇಡ್ಲಿ, ಅನ್ನ-ಸಾರು, ಬಿಸಿ ರೊಟ್ಟಿಯಂಥ ಆಗತಾನೇ ಬೆಂದದ್ದು; ಹೆಚ್ಚಿಟ್ಟ ಹಣ್ಣು, ತೆರೆದಿಟ್ಟ ಚಟ್ನಿ ಬೇಡ. ಒಆರ್‌ಎಸ್ ಹತ್ತು ಪ್ಯಾಕೆಟ್ ಇರಲಿ, ಪ್ಯಾಕೆಟ್ ಮೇಲೆ ಬರೆದಷ್ಟೇ ನೀರಿಗೆ ಒಂದು. ಮಡಿಕೇರಿ ಘಾಟಿಯಲ್ಲಿ ವಾಂತಿ ಬರುವವರು ಮಾತ್ರೆಯನ್ನು ಹೊರಡುವ ಅರ್ಧ ಗಂಟೆ ಮುಂಚೆ ತೆಗೆದುಕೊಳ್ಳಲಿ. ಅದು ನಿದ್ದೆ ಬರಿಸುತ್ತದೆ, ಡ್ರೈವರಿಗೆ ಯಾವ ಕಾರಣಕ್ಕೂ ಕೊಡಬೇಡಿ.

ಹನ್ನೊಂದು ದಿನ ಒಂದೇ ಗಾಡಿಯಲ್ಲಿ ಜಗಳ ಬಂದೇ ಬರುತ್ತದೆ. ಅದರಲ್ಲಿ ಮುಕ್ಕಾಲು ಪಾಲು ಶೋ ಮುಗಿದ ಒಂದು ಗಂಟೆಯೊಳಗೆ, ಯಾರು ಎಲ್ಲಿ ತಾಳ ತಪ್ಪಿದರು ಎಂಬ ಮಾತಿನಿಂದ ಹುಟ್ಟುತ್ತದೆ. ಆ ಚರ್ಚೆ ಮರುದಿನ ತಿಂಡಿಯ ನಂತರ ಎಂದು ಹೊರಡುವ ಮೊದಲೇ ಎಲ್ಲರೂ ಒಪ್ಪಿಕೊಳ್ಳಿ. ದಿನಕ್ಕೆ ಒಂದು ಗಂಟೆ ಪ್ರತಿಯೊಬ್ಬರೂ ಒಬ್ಬರೇ ಇರಲಿ, ಯಾರೂ ಯಾಕೆಂದು ಕೇಳಬೇಡಿ.

ಇನ್ನು ನೀವು ಕೇಳದೆ ಬಿಟ್ಟ ಒಂದು ಸಂಗತಿ. ಪುಣೆ, ಮುಂಬೈ, ಹೈದರಾಬಾದಿನಲ್ಲಿ ಕನ್ನಡ ಹಾಡು ಯಾರು ಕೇಳುತ್ತಾರೆ? ಕೇಳುವವರು ಇದ್ದಾರೆ, ಆದರೆ ಪಬ್ಬಿನ ಪೋಸ್ಟರ್ ಅವರಿಗೆ ತಲುಪುವುದಿಲ್ಲ. ಪುಣೆಯ ಕನ್ನಡ ಸಂಘ, ಮುಂಬೈ ಮಾಟುಂಗಾದ ಮೈಸೂರು ಅಸೋಸಿಯೇಷನ್, ಹೈದರಾಬಾದಿನ ಕನ್ನಡ ಬಳಗಗಳಿಗೆ ಮೂರು ವಾರ ಮೊದಲೇ ಕನ್ನಡದಲ್ಲೇ ಪತ್ರ ಬರೆದು, ಎರಡು ಹಾಡಿನ ಲಿಂಕ್ ಕಳಿಸಿ. ಅಲ್ಲಿಂದ ಮೂವತ್ತು ಜನ ಬಂದರೂ ಮುಂದಿನ ಎರಡು ಸಾಲು ನಿಮ್ಮ ಜೊತೆ ಹಾಡುತ್ತದೆ, ಆಗ ಕನ್ನಡ ಗೊತ್ತಿಲ್ಲದ ಉಳಿದವರೂ ಹತ್ತಿರ ಬರುತ್ತಾರೆ. ಪ್ರತಿ ಹಾಡಿಗೂ ಇಂಗ್ಲಿಷಿನಲ್ಲಿ ಅರ್ಥ ಹೇಳುತ್ತ ಹೋಗಬೇಡಿ. ಎರಡು ಹಾಡಿಗೆ ಒಂದೊಂದು ವಾಕ್ಯ ಸಾಕು, ಉಳಿದ ಹೊತ್ತು ನುಡಿಸಿ.